ಬ್ಲೂಫಿನ್ ಟ್ಯೂನಾ ಚೇತರಿಸಿಕೊಂಡದ್ದು ಹೇಗೆ? ನಮ್ಮ ಬಂಗಡೆಗೂ ಅದು ಸಾಧ್ಯವೇ?

ಪ್ರಶ್ನೆ (ಕಾರವಾರ):
ಅಟ್ಲಾಂಟಿಕ್ ಸಾಗರದ ಬ್ಲೂಫಿನ್ ಟ್ಯೂನಾ ಇನ್ನೇನು ಮುಗಿಯಿತು ಎಂದು ಹಿಂದೆ ಓದಿದ್ದೆ. ಅದರ ಅಂತರರಾಷ್ಟ್ರೀಯ ವ್ಯಾಪಾರವನ್ನು ನಿಷೇಧಿಸಬೇಕೆಂದು ವನ್ಯಜೀವಿ ವ್ಯಾಪಾರ ಕುರಿತ ಅಂತರರಾಷ್ಟ್ರೀಯ ಒಪ್ಪಂದದ 2010ರ ದೋಹಾ ಸಭೆಯಲ್ಲಿ ಮೊನಾಕೊ ದೇಶ ಮಂಡಿಸಿದ ಪ್ರಸ್ತಾವವೂ ಬಿದ್ದುಹೋಯಿತು. ಆದರೂ 2021ರಲ್ಲಿ ಪ್ರಕೃತಿ ಸಂರಕ್ಷಣೆಯ ಅಂತರರಾಷ್ಟ್ರೀಯ ಸಂಸ್ಥೆ ಐಯುಸಿಎನ್ ಅದನ್ನು ಅಳಿವಿನಂಚಿನ ವರ್ಗದಿಂದ ತೆಗೆಯಿತು. ಇಲ್ಲಿ ಪ್ರತಿವರ್ಷ ಜೂನ್ 1ರಿಂದ ಜುಲೈ 31ರವರೆಗೆ ಬೋಟುಗಳು ನಿಂತರೂ ಬಂಗಡೆ, ತಾರ್ಲೆ (ಬೂತಾಯಿ) ಒಂದು ವರ್ಷ ಸಿಕ್ಕರೆ ಇನ್ನೊಂದು ವರ್ಷ ಸಿಗುವುದಿಲ್ಲ. ತಿಳಿದವರು ವಿವರಿಸಬೇಕೆಂದು ವಿನಂತಿ.

ಉತ್ತರ (ಹೊನ್ನಾವರ):
ನಿಷೇಧ ಬರಲಿಲ್ಲ, ಆದರೆ ಬಂದೀತೆಂಬ ಹೆದರಿಕೆ ಕೆಲಸ ಮಾಡಿತು ಎಂದು ನನ್ನ ಅಭಿಪ್ರಾಯ. ಈ ಮೀನಿನ ಹೊಣೆ ಹೊತ್ತ ಇಕಾಟ್ ಎಂಬ ಆಯೋಗವು ವಿಜ್ಞಾನಿಗಳು ಹೇಳಿದ್ದಕ್ಕಿಂತ ಹೆಚ್ಚು ಹಿಡಿಯಲು ವರ್ಷಗಟ್ಟಲೆ ಅವಕಾಶ ಕೊಟ್ಟಿತ್ತು. ಲೆಕ್ಕ ತಪ್ಪಿಸಿ ಹಿಡಿದದ್ದು ಬೇರೆ. ಪೂರ್ವ ಅಟ್ಲಾಂಟಿಕ್ ಮತ್ತು ಮೆಡಿಟರೇನಿಯನ್ ಸೇರಿ 2007ರಲ್ಲಿ ಹಿಡಿದದ್ದು ಸುಮಾರು 61,000 ಟನ್ ಎಂಬ ಅಂದಾಜಿದೆ. 2011ಕ್ಕೆ ನಿಗದಿಯಾದ ಮಿತಿ 12,900 ಟನ್. ಕೆಲವು ವಿನಾಯಿತಿಗಳನ್ನು ಬಿಟ್ಟರೆ 30 ಕಿಲೋಗಿಂತ ಚಿಕ್ಕ ಮೀನು ಹಿಡಿಯುವಂತಿಲ್ಲ, ಕಾಗದಪತ್ರವಿಲ್ಲದೆ ಮಾರುವಂತಿಲ್ಲ. ಆದರೆ ಈ ಚೇತರಿಕೆ ಮುಖ್ಯವಾಗಿ ಪೂರ್ವದ ಗುಂಪಿನದು. ಮೆಕ್ಸಿಕೊ ಕೊಲ್ಲಿಯಲ್ಲಿ ಮೊಟ್ಟೆಯಿಡುವ ಪಶ್ಚಿಮದ ಗುಂಪು 1970ರ ದಶಕದಿಂದೀಚೆಗೆ ಅರ್ಧಕ್ಕಿಂತ ಹೆಚ್ಚು ಕುಸಿದಿದೆ.

ಉತ್ತರ (ಕಾರವಾರ):
ನಮ್ಮ ಅಜ್ಜನದು ರಂಪಣಿ, ದಡದಿಂದ ಹತ್ತಾರು ಜನ ಸೇರಿ ಎಳೆಯುವ ದೊಡ್ಡ ಬಲೆ. ಮೀನಿನ ಹಿಂಡನ್ನೇ ಬಲೆಯಿಂದ ಸುತ್ತುವರಿದು ಹಿಡಿಯುವ ಪರ್ಸಿನ್ ಬೋಟುಗಳು ಬಂದ ಮೇಲೆ ಅದು ಅಟ್ಟ ಸೇರಿತು. ಮಳೆಗಾಲದ 61 ದಿನ ಸುಮ್ಮನಿರುವುದಕ್ಕೆ ನಮ್ಮ ತಕರಾರಿಲ್ಲ. ಆದರೆ ಆಗಸ್ಟ್‌ನಲ್ಲಿ ಕಡಲಿಗಿಳಿದ ಮೇಲೆ ಇಷ್ಟೇ ಟನ್ ಹಿಡಿಯಬೇಕೆಂಬ ಲೆಕ್ಕ ಯಾವ ಬೋಟಿಗಿದೆ? ಕಳೆದ ಹಂಗಾಮಿನಲ್ಲಿ ಬಂದರಿನ ಒಂದು ಬುಟ್ಟಿಗೆ ನಾನೇ ಕೈ ಹಾಕಿ ನೋಡಿದೆ. ಬಂಗಡೆ ನನ್ನ ನಡುಬೆರಳಿಗಿಂತ ತುಸು ಉದ್ದ, ಅಷ್ಟೆ. ಬೆನ್ನಿನ ಗೆರೆ ಇನ್ನೂ ಸರಿಯಾಗಿ ಮೂಡಿರಲಿಲ್ಲ. ಬುಟ್ಟಿ ಹೋದದ್ದು ಪೇಟೆಗಲ್ಲ, ಮೀನಿನ ಹುಡಿ ಮಾಡುವ ಕಾರ್ಖಾನೆಗೆ. ಕೇರಳದಲ್ಲಿ ಬಂಗಡೆಗೆ ಕನಿಷ್ಠ 14 ಸೆಂ.ಮೀ. ಎಂಬ ನಿಯಮವಿದೆ, ತಾವು ಹೇಳಿದ 30 ಕಿಲೋ ನಿಯಮವೂ ಅದೇ ಬಗೆಯದಲ್ಲವೇ?

ಉತ್ತರ (ಹೊನ್ನಾವರ):
ಹೌದು, ಮರಿಗಳನ್ನು ಬೆಳೆಯಲು ಬಿಡಿ ಎಂಬುದೇ ಎರಡರ ಹಿಂದಿನ ಲೆಕ್ಕ. ಮೊಟ್ಟೆಯಿಡುವಷ್ಟು ಬೆಳೆಯಲು ಬ್ಲೂಫಿನ್ ನಾಲ್ಕಾರು ವರ್ಷ ತೆಗೆದುಕೊಂಡರೆ ಬಂಗಡೆಗೆ ಸುಮಾರು ಒಂದು ವರ್ಷ ಸಾಕು. ಆದರೆ ಟನ್ನಿನ ಮಿತಿ ಇಲ್ಲಿ ಕಷ್ಟ. ಒಂದೇ ಬಲೆಗೆ ಹತ್ತು ಬಗೆಯ ಮೀನು ಬೀಳುತ್ತದೆ, ತಾರ್ಲೆಯಂತೂ ಮಳೆ ಮತ್ತು ನೀರಿನ ತಾಪ ನೋಡಿಕೊಂಡು ಏರಿಳಿಯುತ್ತದೆ. ಆದ್ದರಿಂದ ನಾನಾದರೆ ಬಲೆಯ ಕಣ್ಣಿನ ಅಳತೆಯನ್ನೂ ತಾವು ಕೈ ಹಾಕಿ ನೋಡಿದ ಆ ಬುಟ್ಟಿಯನ್ನೂ ಮೊದಲು ಹಿಡಿಯುತ್ತಿದ್ದೆ.