ಪದಚರ್ಚೆ: ಯುದ್ಧದ ಹೊತ್ತಲ್ಲಿ ಹಕ್ಕುಗಳು 'ಅಮಾನತು' ಆಗುತ್ತವೆಯೇ? (ಇವತ್ತು ಸಂಜೆಯೊಳಗೆ ಬೇಕು)

ಕಲಬುರಗಿಯಿಂದ, ಮಧ್ಯಾಹ್ನ 2:40

ಎಲ್ಲರಿಗೂ ನಮಸ್ಕಾರ. ಒಂದು ಪದ ಬೇಕು, ಅದೂ ಅರ್ಜೆಂಟಾಗಿ.

ನಾಡಿದ್ದು ಸಂವಿಧಾನ ದಿನ. ಯುದ್ಧ ಬಂದಾಗ ಸರ್ಕಾರದ ಕೈ ಎಷ್ಟು ಉದ್ದ ಆಗುತ್ತದೆ ಅಂತ ತೋರಿಸೋಕೆ ನಮ್ಮ ಮಕ್ಕಳು ಹನ್ನೆರಡು ಫಲಕ ಮಾಡುತ್ತಿದ್ದಾರೆ. ಇಂಗ್ಲಿಷಿನಲ್ಲಿದ್ದದ್ದನ್ನು ಕನ್ನಡಕ್ಕೆ ತರೋ ಕೆಲಸ ನನ್ನ ತಲೆಗೆ ಬಂತು. ಹೋದ ವರ್ಷ ಬೇರೆ ಕಡೆಯಿಂದ ಬಂದ ಕನ್ನಡದಲ್ಲಿ 'ಸಿವಿಲ್ ಕಾಮಗಾರಿ ಸ್ವಾತಂತ್ರ್ಯ' ಅಂತಿತ್ತು. ಗುತ್ತಿಗೆದಾರರ ಸಭೆ ಇರಬೇಕು ಅಂದುಕೊಂಡು ಒಬ್ಬರು ಒಳಗೆ ಬಂದು ಕೂತಿದ್ದರು. ಅದಕ್ಕೇ ಈ ಸಲ ನಾನೇ ಒಪ್ಪಿಕೊಂಡೆ.

ಹನ್ನೊಂದು ಮುಗಿದವು. ಉಳಿದದ್ದರ ತಲೆಬರಹ 'ಸಸ್ಪೆನ್ಷನ್ ಆಫ್ ಸಿವಿಲ್ ಲಿಬರ್ಟೀಸ್'. 'ನಾಗರಿಕ ಹಕ್ಕುಗಳ ಅಮಾನತು' ಅಂತ ಬರೆದು ಸೂಪರ್ ಮಾರ್ಕೆಟ್ ಹತ್ತಿರದ ಫ್ಲೆಕ್ಸ್ ಅಂಗಡಿಗೆ ಒಯ್ದೆ. ಅಲ್ಲಿ ಡಿಸೈನ್ ಮಾಡುವ ಹುಡುಗನ ಮನೆಮಾತು ಉರ್ದು. ಅಕ್ಷರ ಜೋಡಿಸುತ್ತಾ ಕೇಳಿದ: "ಅಕ್ಕೋರೆ, ಅಮಾನತ್ ಅಂದ್ರ ನಂಬಿ ಇಟ್ಟ ಸಾಮಾನು ಅಲ್ರೀ? ಇದನ್ನ ಯಾರ ಹತ್ರ ಇಟ್ಟಾರ್ರೀ?"

ನಾನು ಸುಮ್ಮನೆ ನಿಂತೆ. ನಮ್ಮ ಪೇಪರಿನಲ್ಲಿ ಅಮಾನತು ಅಂದರೆ ಪಿಡಿಓ ಅಮಾನತು, ಪಿಎಸ್‌ಐ ಅಮಾನತು. ಅವನ ಮನೆಯಲ್ಲಿ ಅಮಾನತ್ ಅಂದರೆ ಮಗಳ ಮದುವೆಗೆ ಅಂತ ಪಕ್ಕದ ಮನೆಯವರು ಇಟ್ಟು ಹೋದ ಬಂಗಾರ. ಎರಡೂ ಒಂದೇ ಪದವೇ? ಒಂದೇ ಆದರೆ ಫಲಕಕ್ಕೆ ಸರಿಯೇ? 'ರದ್ದು', 'ಸ್ಥಗಿತ' ಎರಡೂ ನನಗೆ ಹಿಡಿಸುತ್ತಿಲ್ಲ.

ಇನ್ನೊಂದು ಸಣ್ಣದು. ಅದೇ ಫಲಕದ ಕೆಳಗೆ ಹಳೇ ರೋಮಿನ ವಾಗ್ಮಿ ಸಿಸೆರೋನ ಮಾತಿದೆ. ಆಯುಧಗಳ ನಡುವೆ ಕಾನೂನು ಬಾಯಿ ಮುಚ್ಚುತ್ತದೆ ಅನ್ನೋದು. ಚಿಕ್ಕದಾಗಿ ಹೇಗೆ ಹೇಳಬಹುದು? ಅಂಗಡಿ ಏಳಕ್ಕೆ ಮುಚ್ಚುತ್ತದೆ.

ಬೀದರಿನಿಂದ, 2:58

ಅಮಾನತು ಅರಬ್ಬಿ. ಬೇಡ. 'ತಡೆಹಿಡಿತ' ಇದೆ, ಬಳಸಿ.
ಸಿಸೆರೋಗೆ: 'ಕೈದುಗಳ ನಡುವೆ ಕಟ್ಟಳೆ ಮೂಕ.' ಕೈದು ಅಂದರೆ ಆಯುಧ. ಹಳಗನ್ನಡ ಓದಿದವರಿಗೆ ಗೊತ್ತಿರುತ್ತದೆ.

ಯಾದಗಿರಿಯಿಂದ, 3:20

ಸರ್, ತಡೆಹಿಡಿತ ಸಂಬಳಕ್ಕೆ, ಇನ್‌ಕ್ರಿಮೆಂಟಿಗೆ ಸರಿ. ಹಕ್ಕಿಗೆ ಅಷ್ಟು ಸುಲಭ ಅಲ್ಲ. ನಾನು ಕೋರ್ಟಿನಲ್ಲಿ ದಿನಾ ಓಡಾಡುವವನು, ಅದಕ್ಕೇ ಸ್ವಲ್ಪ ಉದ್ದ ಬರೆಯುತ್ತೇನೆ.

ಅಕ್ಕೋರೆ, ಪದ ಹುಡುಕೋ ಮುಂಚೆ ಏನು ನಿಂತಿತು ಅಂತ ನೋಡಬೇಕು. ನಮ್ಮ ಸಂವಿಧಾನದಲ್ಲಿ ಎರಡು ಬೇರೆ ಬೇರೆ ದಾರಿ ಇವೆ. ಯುದ್ಧದ ತುರ್ತು ಪರಿಸ್ಥಿತಿ ಸಾರಿದರೆ 358ನೇ ವಿಧಿ ತಾನಾಗೇ ಕೆಲಸ ಶುರು ಮಾಡುತ್ತದೆ. 19ನೇ ವಿಧಿ, ಅಂದರೆ ಮಾತು, ಸಭೆ, ಸಂಘ, ಓಡಾಟ, ಇವು ಸರ್ಕಾರಕ್ಕೆ ಹಾಕಿದ್ದ ಮೂಗುದಾರ ಸಡಿಲ ಆಗುತ್ತದೆ. 359ನೇ ವಿಧಿ ಹಾಗಲ್ಲ. ಅದಕ್ಕೆ ರಾಷ್ಟ್ರಪತಿ ಬೇರೆ ಆದೇಶ ಹೊರಡಿಸಬೇಕು. ಅಲ್ಲಿ ಹಕ್ಕು ಕಾಗದದ ಮೇಲೆ ಹಾಗೇ ಇರುತ್ತದೆ. ಕೇಳೋಕೆ ಕೋರ್ಟಿಗೆ ಹೋಗುವಂತಿಲ್ಲ, ಅಷ್ಟೇ. 1962ರಲ್ಲಿ 21, 22ನೇ ವಿಧಿಗಳಿಗೆ ಹೀಗೇ ಆಯ್ತು.

'ಅಷ್ಟೇ' ಅಂದೆ. ಆ ಅಷ್ಟೇ ಎಷ್ಟು ಅಂತ ತಿಳಿದದ್ದು 1976ರ ಏಪ್ರಿಲ್ 28ಕ್ಕೆ, 1975ರ ತುರ್ತಿನಲ್ಲಿ ಒಳಗೆ ಹಾಕಿದವರ ಜಬಲ್ಪುರ ಕೇಸಿನಲ್ಲಿ. ತುರ್ತು ಇದ್ದಾಗ ಪೊಲೀಸನೊಬ್ಬ ಸುಮ್‌ಸುಮ್ನೆ ಒಬ್ಬರ ಜೀವ ತೆಗೆದರೂ ಪರಿಹಾರ ಇಲ್ಲವೇ ಅಂತ ನ್ಯಾಯಮೂರ್ತಿ ಖನ್ನಾ ವಿಚಾರಣೆಯಲ್ಲಿ ಕೇಳಿದರು. ತುರ್ತು ಇರೋವರೆಗೆ ಇಲ್ಲ ಅಂತ ಅಟಾರ್ನಿ ಜನರಲ್ ಹೇಳಿದರು. ಒಂಬತ್ತು ಹೈಕೋರ್ಟುಗಳು ಬಂದಿಗಳ ಅರ್ಜಿ ಕೇಳಬಹುದು ಅಂದಿದ್ದವು. ಸುಪ್ರೀಂ ಕೋರ್ಟಿನಲ್ಲಿ ನಾಲ್ಕು ಜನ ಸರ್ಕಾರದ ಕಡೆ, ಖನ್ನಾ ಒಬ್ಬರೇ ಆಚೆ. ಆ ತೀರ್ಪನ್ನು ತಳ್ಳಿಹಾಕೋಕೆ 2017 ಬರಬೇಕಾಯ್ತು, ಖಾಸಗಿತನದ ಹಕ್ಕಿನ ಪುಟ್ಟಸ್ವಾಮಿ ಕೇಸಿನಲ್ಲಿ. ಅರ್ಜಿ ಹಾಕಿದ ಪುಟ್ಟಸ್ವಾಮಿಯವರು ನಮ್ಮ ಕರ್ನಾಟಕ ಹೈಕೋರ್ಟಿನಲ್ಲೇ ನ್ಯಾಯಮೂರ್ತಿಯಾಗಿದ್ದವರು.

1978ರ 44ನೇ ತಿದ್ದುಪಡಿ ಆದಮೇಲೆ 20, 21ನೇ ವಿಧಿಗಳ ವಿಷಯದಲ್ಲಿ ಕೋರ್ಟಿನ ದಾರಿ ಮುಚ್ಚುವ ಹಾಗಿಲ್ಲ. ಹಾಗಾಗಿ ಫಲಕದಲ್ಲಿ ಒಂದೇ 'ಅಮಾನತು' ಹಾಕಿ ಎಲ್ಲವನ್ನೂ ಒಂದೇ ಚೀಲಕ್ಕೆ ತುಂಬಬೇಡಿ.

ಬೀದರಿನಿಂದ, 3:31

ಕೇಳಿದ್ದು ಪದ. ಬಂದದ್ದು ವಕಾಲತ್ತು.

ಭಾಲ್ಕಿಯಿಂದ, 4:05

ನಾನು ಈ ಗುಂಪಿನಲ್ಲಿ ಬರೆಯೋದು ಕಮ್ಮಿ. ಒಂದು ಸಹಕಾರ ಸಂಘದಲ್ಲಿ ಮೂವತ್ತೊಂದು ವರ್ಷ ಗುಮಾಸ್ತನಾಗಿದ್ದೆ. ಅಮಾನತು ಅಂದದ್ದಕ್ಕೆ ಕಿವಿ ನೆಟ್ಟಗಾಯ್ತು.

ಫ್ಲೆಕ್ಸ್ ಹುಡುಗ ಹೇಳಿದ್ದು ಸರಿ. ಎರಡೂ ಒಂದೇ ಪದ. ಮೂಲದಲ್ಲಿ ನಂಬಿಕೆಯ ಅರ್ಥ. ಜಪ್ತಿಗೆ ಬರುವ ಕೋರ್ಟಿನ ಅಮೀನನೂ ಅದೇ ಬಳ್ಳಿಯ ಕಾಯಿ, ಅಮೀನ ಅಂದರೆ ನಂಬಿಕಸ್ತ. (ನಂಬಿಕಸ್ತ ಬಂದ ಅಂದರೆ ಊರಲ್ಲಿ ಎಲ್ಲರೂ ಎಮ್ಮೆ ಹೊಡಕೊಂಡು ಹೊಲಕ್ಕೆ ಓಡುತ್ತಿದ್ದರು, ಅದು ಬೇರೆ ಮಾತು.)

ನಮ್ಮ ಲೆಕ್ಕದಲ್ಲಿ ಇದೇ ಪದ ಅಕ್ಷರ ಅದಲುಬದಲಾಗಿ 'ಅನಾಮತ್ತು ಖಾತೆ' ಆಗಿದೆ. ಗಡಿಯಾಚೆ ಮರಾಠಿಯಲ್ಲಿ ಚುನಾವಣೆಯ ಠೇವಣಿಗೆ ಇವತ್ತಿಗೂ 'ಅನಾಮತ್ ರಕ್ಕಮ್' ಅನ್ನುತ್ತಾರೆ. ನಮ್ಮಲ್ಲಿ ದುಡ್ಡು ಬಂದಿದೆ, ಯಾವ ಖಾತೆಗೆ ಹಾಕಬೇಕೋ ಗೊತ್ತಾಗುತ್ತಿಲ್ಲ ಅಂದರೆ ಅನಾಮತ್ತಿಗೆ ಹಾಕುತ್ತಿದ್ದೆವು. ಗೊತ್ತಾದ ದಿನ ತೆಗೆದು ಸರಿಯಾದ ಖಾತೆಗೆ ಬರೆಯಬೇಕು. ನೌಕರನ ಅಮಾನತೂ ಹಾಗೇ ಹುಟ್ಟಿರಬೇಕು ಅನ್ನೋದು ನನ್ನ ಊಹೆ. ಅವನು ಇದ್ದಾನೆ, ಯಾವ ಕಡೆ ಬರೆಯಬೇಕೋ ತೀರ್ಮಾನ ಆಗಿಲ್ಲ.

ಒಂದು ಸಲ 37 ರೂಪಾಯಿ ಅನಾಮತ್ತಿನಲ್ಲಿ ಉಳಿಯಿತು. ಒಬ್ಬ ಮುದುಕರು ಕಟ್ಟಿದ್ದು, ರಸೀದಿ ನನ್ನ ಕೈಯದೇ. ಸದಸ್ಯರ ನಂಬರ್ ಬರೆಯೋದು ಮರೆತಿದ್ದೆ. ಮಾರ್ಚ್ ಬಂದರೆ ಆ ಸಾಲನ್ನು ಮುಂದಿನ ವರ್ಷದ ಪುಸ್ತಕಕ್ಕೆ ಎತ್ತಿ ಬರೆಯುತ್ತಿದ್ದೆ. ಆರು ಮಾರ್ಚ್ ಹಾಗೇ ಬರೆದೆ. ಮುದುಕರ ಮಗ ಆ ರಸೀದಿ ಹಿಡಕೊಂಡು ಬಂದಾಗ ಅಪ್ಪ ತೀರಿಕೊಂಡು ಎರಡು ವರ್ಷ ಆಗಿತ್ತು. ದುಡ್ಡು ಎಲ್ಲೂ ಹೋಗಿರಲಿಲ್ಲ ನೋಡಿ. ಪುಸ್ತಕದಲ್ಲೇ ಇತ್ತು.

ನನ್ನ ಮಟ್ಟಿಗೆ ಅಮಾನತು ಸರಿಯಾದ ಪದ. ಅದರಲ್ಲಿ ವಾಪಸ್ ಕೊಡೋ ಬಾಧ್ಯತೆ ಇದೆ. ತಡೆಹಿಡಿತದಲ್ಲಿ ಆ ಬಾಧ್ಯತೆ ಇಲ್ಲ. ಆದರೆ ಅನಾಮತ್ತಿನ ಸಾಲಿಗೆ ಎರಡು ತಾರೀಖು ಬೇಕು. ಹಾಕಿದ್ದು ಯಾವಾಗ, ತೆಗೆದದ್ದು ಯಾವಾಗ. ಆಡಿಟರ್ ಮೊದಲು ನೋಡೋದೇ ಅದನ್ನ. ಅಕ್ಕೋರು ಫಲಕದಲ್ಲಿ ಎರಡನೇ ತಾರೀಖು ಹಾಕಿದ್ದಾರಾ?

ಕಲಬುರಗಿಯಿಂದ, 4:22

ಹಾಕಿಲ್ಲ ಕಾಕಾ. ಶುರುವಾದ ದಿನ ಮಾತ್ರ ಇದೆ. ಈಗ ಹುಡುಕುತ್ತೇನೆ.

ಸಿಸೆರೋ ಸಾಲನ್ನು ಮಕ್ಕಳಿಗೆ ತೋರಿಸಿದೆ. ಮೂವರಲ್ಲಿ ಮೂವರೂ 'ಕೈದಿಗಳ ನಡುವೆ' ಅಂತಲೇ ಓದಿದರು. ಜೈಲಿನ ಬಗ್ಗೆ ಅಂದುಕೊಂಡರು.

ಬೀದರಿನಿಂದ, 4:30

ಮಕ್ಕಳು ತಪ್ಪು ಓದಿದರೂ ದಾರಿ ತಪ್ಪಿಲ್ಲ. ಕೈದಿ ಬಂದದ್ದೂ ಕೈಯಿಂದಲೇ. ಕೈ, ಕೈದು, ಕೈದಿ. ಕೈಗೆ ಸಿಕ್ಕವನು ಕೈದಿ. ಅಚ್ಚಗನ್ನಡ. ಇದನ್ನು ನಾನು ಈ ಗುಂಪಿನಲ್ಲಿ ಎಷ್ಟು ಸಲ ಬರೆದಿಲ್ಲ?

ಸೇಡಂನಿಂದ, 4:41

ಮತ್ತೆ ಶುರುವಾಯ್ತು. ಕೈದಿ ಅರಬ್ಬಿಯ 'ಕೈದ್'ನಿಂದ ಬಂದದ್ದು, ಕಟ್ಟು ಅಂತ ಅರ್ಥ. ಉರ್ದು, ಹಿಂದಿ, ಮರಾಠಿ ಎಲ್ಲದರಲ್ಲೂ ಇದೆ. ಅವರಿಗೆಲ್ಲ ನಮ್ಮ 'ಕೈ' ಸಾಲ ಕೊಟ್ಟೆವಾ?

ಬೀದರಿನಿಂದ, 4:44

ಕೊಟ್ಟಿರಬಾರದೇಕೆ?

ಸೇಡಂನಿಂದ, 4:52

ಸರ್, ಅರಬ್ಬಿ ಬೇಡ ಅಂದರೆ ಮೊದಲು 'ಹಕ್ಕು' ಬಿಡಿ. ಅದೂ ಅರಬ್ಬಿ. ಕಾನೂನು, ವಕೀಲ, ಜಾಮೀನು, ಜಪ್ತಿ, ಮುದ್ದತ್ತು, ಎಲ್ಲ ಬಿಡಿ. ಕೋರ್ಟಿಗೆ ಹೋಗಿ ಕೈಸನ್ನೆ ಮಾಡಬೇಕಾಗುತ್ತದೆ. ದಸ್ತಗಿರಿಯನ್ನೇ ನೋಡಿ, ಪಾರಸಿಯಲ್ಲಿ ಕೈ ಹಿಡಿಯೋದು. ನಮ್ಮ ಓಣಿಯಲ್ಲಿ ದಸ್ತಗೀರ ಅಂತ ಹೆಸರಿನವರು ನಾಲ್ಕು ಮಂದಿ ಇದ್ದಾರೆ. ಅಲ್ಲಿ ಕೈ ಹಿಡಿದು ಕಾಪಾಡೋನು ಅಂತ ಅರ್ಥ. ಕೈ ಅದೇ, ಹಿಡಿದವರು ಯಾರು ಅನ್ನೋದರ ಮೇಲೆ ಅರ್ಥ.

ಬೀದರಿನಿಂದ, 5:03

ಹಕ್ಕಿನ ವಿಷಯ ಬೇರೆ. ಅದು ಹಳೇ ಸಾಲ, ತೀರಿಹೋಗಿದೆ. ಹೊಸದಾಗಿ ಯಾಕೆ ಮಾಡಬೇಕು ಅನ್ನೋದು ನನ್ನ ಪ್ರಶ್ನೆ. ನಿಜಾಮರ ಕಾಲದ ಕಚೇರಿ ಭಾಷೆ ನಮ್ಮ ಹಿರಿಯರ ಬಾಯಿ ಕಟ್ಟಿತ್ತು. ಸಭೆ ಮಾಡಬೇಕಾದರೆ ಮೊದಲೇ ಪರವಾನಗಿ ತಗೋಬೇಕು ಅಂತ 'ಗಶ್ತಿ ನಿಶಾನ್ 53' ಇತ್ತು. ನಮ್ಮಜ್ಜನಿಗೆ ಅದರ ನಂಬರು ಸಾಯೋವರೆಗೂ ನೆನಪಿತ್ತು. ಅದನ್ನು ಓದೋಕೂ ಬೇರೆಯವರ ಹತ್ತಿರ ಹೋಗಬೇಕಿತ್ತು. 1948ರ ಸೆಪ್ಟೆಂಬರ್ 17ಕ್ಕೆ ನಿಜಾಮರ ಆಳ್ವಿಕೆ ಮುಗಿದಮೇಲೂ ಅದೇ ಪದ ಹೊತ್ತು ತಿರುಗಬೇಕಾ?

ಯಾದಗಿರಿಯಿಂದ, 5:15

ಈ ಮಾತಿಗೆ ನಾನು ತಲೆಬಾಗುತ್ತೇನೆ ಸರ್. ಆದರೆ ಆ ಗಶ್ತಿ ನೋಡಿ. ಪಾರಸಿಯಲ್ಲಿ ಸುತ್ತು ಹಾಕೋದು ಅಂತ ಅರ್ಥ. ಕಚೇರಿಯಿಂದ ಕಚೇರಿಗೆ ಸುತ್ತುವ ಆದೇಶ, ಗಶ್ತಿ. ನಾವು ಮಾಡಿಕೊಂಡ ಪದ ಸುತ್ತೋಲೆ. ಒಳಗಿರೋದು ಒಂದೇ. ರಾತ್ರಿ ಪೊಲೀಸರು ಓಣಿ ಸುತ್ತುವ 'ಗಸ್ತು' ಕೂಡ ಅದೇ. ಸಭೆ ಬೇಡ ಅನ್ನೋ ಆದೇಶ ಅಚ್ಚಗನ್ನಡದ ಸುತ್ತೋಲೆಯಲ್ಲಿ ಬಂದರೆ ಬಾಯಿ ಬಿಚ್ಚಿದಂತೆ ಆಗುತ್ತದಾ?

ಬೀದರಿನಿಂದ, 5:19

ಓದೋಕಾದರೂ ಬರುತ್ತದೆ.

ಸೇಡಂನಿಂದ, 5:26

ಅದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ. ಸರಿ.

ಕಲಬುರಗಿಯಿಂದ, 5:48

ಜಗಳ ಸ್ವಲ್ಪ ನಿಲ್ಲಿಸಿ, ತಾರೀಖು ಸಿಕ್ಕವು. ಕಾಕಾ ಹೇಳಿದ ಹಾಗೆ ಎರಡು ಕಾಲಂ ಮಾಡಿದೆ. ಮಾಡಿದ ಮೇಲೆ ಫಲಕದ ಮುಖವೇ ಬೇರೆ ಆಯ್ತು.

ಚೀನಾ ಯುದ್ಧ: 1962ರ ಅಕ್ಟೋಬರ್ 20ರಿಂದ ನವೆಂಬರ್ 21, ಒಂದು ತಿಂಗಳು. ತುರ್ತು ಪರಿಸ್ಥಿತಿ: ಅಕ್ಟೋಬರ್ 26ಕ್ಕೆ ಹಾಕಿದ್ದು, ತೆಗೆದದ್ದು 1968ರ ಜನವರಿಯಲ್ಲಿ. ಐದು ವರ್ಷಕ್ಕೂ ಜಾಸ್ತಿ. 1971ರಲ್ಲಿ ಪಾಕಿಸ್ತಾನದ ಜೊತೆ ಯುದ್ಧ ಡಿಸೆಂಬರ್ 3ರಿಂದ 16. ಆಗ ಸಾರಿದ ತುರ್ತು 1977ರ ಮಾರ್ಚ್‌ವರೆಗೂ ಹಾಗೇ ಇತ್ತು. 1975ರದ್ದು ಅದರ ಮೇಲೆ ಇನ್ನೊಂದು. ಎರಡು ತುರ್ತು ಒಟ್ಟಿಗೆ ಓಡುತ್ತಿದ್ದವು ಅನ್ನೋದು ನನಗೇ ಗೊತ್ತಿರಲಿಲ್ಲ. ಕಾಕಾನ ಆರು ಮಾರ್ಚ್ ನೆನಪಾಯ್ತು.

ಪಕ್ಕದ ಫಲಕ ಅಮೆರಿಕದ್ದು. 1942ರ ಫೆಬ್ರವರಿ 19ರ ಆದೇಶ 9066. ಜಪಾನಿ ಮೂಲದ ಸುಮಾರು 1,20,000 ಜನರನ್ನು ಶಿಬಿರಕ್ಕೆ ಹಾಕಿದರು, ಹೆಚ್ಚಿನವರು ಅಲ್ಲಿನ ಪೌರರೇ. ತಪ್ಪಾಯ್ತು ಅಂತ ಹೇಳಿ ಬದುಕಿದ್ದವರಿಗೆ ತಲಾ 20,000 ಡಾಲರ್ ಕೊಡೋ ಕಾನೂನು ಮಾಡಿದ್ದು 1988ರಲ್ಲಿ. ಎರಡನೇ ಕಾಲಂನಲ್ಲಿ ಅದನ್ನೇ ಹಾಕಿದೆ. ಅಲ್ಲಿನ ಸರ್ಕಾರ ಆ ಶಿಬಿರಗಳಿಗೆ ಇಟ್ಟ ಹೆಸರು ಕನ್ನಡದಲ್ಲಿ 'ಸ್ಥಳಾಂತರ ಕೇಂದ್ರ' ಆಗುತ್ತದೆ. ನಮ್ಮ ಕಡೆ ಸ್ಥಳಾಂತರ ಅಂದರೆ ಬಸ್ ಸ್ಟ್ಯಾಂಡ್ ಸ್ಥಳಾಂತರ. ನಾನು 'ಸೆರೆ ಶಿಬಿರ' ಅಂದೆ. 1962ರಲ್ಲಿ ನಮ್ಮವರೂ ಚೀನಿ ಮೂಲದ ಸುಮಾರು 3,000 ಜನರನ್ನು ರಾಜಸ್ಥಾನದ ದೇವಳಿಯಲ್ಲಿ ಇಟ್ಟಿದ್ದರು. ಅದಕ್ಕೂ ಅದೇ ಪದ. ಅದರ ಎರಡನೇ ಕಾಲಂ ಖಾಲಿ ಬಿಟ್ಟಿದ್ದೇನೆ.

ಇನ್ನೊಂದೇ ಪದ. ವಿಚಾರಣೆ ಇಲ್ಲದೆ ಮುಂಚೇನೇ ಹಿಡಿದು ಇಡೋದಕ್ಕೆ ಏನನ್ನಲಿ? 'ನಿರೋಧ' ಅಂತ ಹಾಕಿದ್ದೆ, ಮಕ್ಕಳು ನಕ್ಕು ಸಾಕಾದರು.

ಭಾಲ್ಕಿಯಿಂದ, 5:57

ನಗದೆ ಏನು ಮಾಡ್ತಾರಮ್ಮ. 'ಸ್ಥಾನಬದ್ಧತೆ' ಅಂತ ಹಳೇ ಪೇಪರಿನಲ್ಲಿ ಬರುತ್ತಿತ್ತು. ಮರಾಠಿಯಲ್ಲಿ ಈಗಲೂ ಅದೇ.

ಬೀದರಿನಿಂದ, 6:01

ಕುರ್ಚಿಗೆ ಕಟ್ಟಿದಂತಿದೆ. 'ಮುನ್ಸೆರೆ'. ಮುಂಚೆಯೇ ಸೆರೆ. ಒಂದೇ ಉಸಿರಿಗೆ ಹೇಳಬಹುದು.

ಯಾದಗಿರಿಯಿಂದ, 6:04

ಸರ್, ಇದು ಚೆನ್ನಾಗಿದೆ. ನಿಜವಾಗಿ.

ಕಲಬುರಗಿಯಿಂದ, 6:50

ಅಂಗಡಿಯಿಂದಲೇ ಬರೆಯುತ್ತಿದ್ದೇನೆ. ಯೂನಿಕೋಡಿನಲ್ಲಿ ಕಳಿಸಿದ್ದು ಇಲ್ಲಿನ ನುಡಿ ಫಾಂಟಿನಲ್ಲಿ ಬರೀ ಚೌಕ ಚೌಕ ಬಂತು. ಕೂತು ಮತ್ತೆ ಟೈಪ್ ಮಾಡಿಸಿದೆ.

ಕೊನೆಗೆ ಹೀಗಾಯ್ತು. ತಲೆಬರಹ: 'ಯುದ್ಧದ ಹೊತ್ತಲ್ಲಿ ನಾಗರಿಕ ಹಕ್ಕುಗಳ ಅಮಾನತು'. 358ರ ಎದುರು 'ಹಕ್ಕು ಅಮಾನತು', 359ರ ಎದುರು 'ಕೋರ್ಟಿನ ಬಾಗಿಲು ಮುಚ್ಚಿತು'. ಅದರ ಕೆಳಗೆ 'ಮುನ್ಸೆರೆ', ಒಂದು ಸಾಲಿನ ವಿವರಣೆ ಜೊತೆ. ಸಿಸೆರೋ: 'ಆಯುಧ ಮಾತಾಡುವಾಗ ಕಾನೂನು ಮೂಕ.' ಕೈದು ಬಿಟ್ಟೆ, ಸರ್ ಬೇಜಾರು ಮಾಡಿಕೊಳ್ಳಬೇಡಿ. ಕಾಲಂಗಳ ಹೆಸರು 'ಇಟ್ಟ ತಾರೀಖು', 'ಕೊಟ್ಟ ತಾರೀಖು'. ಇದು ಫ್ಲೆಕ್ಸ್ ಹುಡುಗ ಹೇಳಿದ್ದು.

ಬೀದರಿನಿಂದ, 6:55

ತಾರೀಖು ಅರಬ್ಬಿ. 'ದಿನಾಂಕ' ಹಾಕಿಸಿ.

ಸೇಡಂನಿಂದ, 6:56

ದಿನಾಂಕ ಸಂಸ್ಕೃತ ಸರ್.

ಕಲಬುರಗಿಯಿಂದ, 6:58

ಪ್ರಿಂಟ್ ಆಗೋಯ್ತು.