ಮುರಿದರೆ ಕೇಳುವವರೇ ಇಲ್ಲದ ಕಾನೂನು ಕಾನೂನಾ? ಮೆಂಡಲ್ಸೋನ್ ಓದಿ ಹುಟ್ಟಿದ ಗೊಂದಲ

ಹಳೇಪುಟ:
ಒಂದು ವಾರದಿಂದ ಜರ್ಮನಿಯ ಯಹೂದಿ ತತ್ವಜ್ಞಾನಿ ಮೋಸೆಸ್ ಮೆಂಡಲ್ಸೋನ್ ಓದುತ್ತಿದ್ದೇನೆ, 1783ರ 'ಜೆರುಸಲೇಮ್' ಪುಸ್ತಕ. ಮೊದಲರ್ಧ ಸಲೀಸಾಗಿ ಹೋಯಿತು. ಸರ್ಕಾರ ನಮ್ಮ ನಡವಳಿಕೆಗೆ ಕಡಿವಾಣ ಹಾಕಬಹುದು, ನಂಬಿಕೆಗೆ ಹಾಕುವಂತಿಲ್ಲ. ಧರ್ಮಕ್ಕಂತೂ ಬಲವಂತದ ಹಕ್ಕೇ ಇಲ್ಲ, ಬಹಿಷ್ಕಾರವೂ ಕೂಡದು. ಸರಿ, ಒಪ್ಪಿದೆ. ಎರಡನೇ ಅರ್ಧಕ್ಕೆ ಬಂದಾಗ ತಲೆ ಕೆಟ್ಟಿತು. ಸಿನಾಯ್ ಬೆಟ್ಟದಲ್ಲಿ ದೇವರು ಯಹೂದಿಗಳಿಗೆ ಕೊಟ್ಟಿದ್ದು ನಂಬಿಕೆಯ ಪಾಠವಲ್ಲ, ಕಾನೂನು ಅನ್ನುತ್ತಾನೆ. ದೇವರಿದ್ದಾನೆ ಅನ್ನೋದನ್ನು ಯಾರು ಬೇಕಾದರೂ ಬುದ್ಧಿಯಿಂದಲೇ ತಿಳಿಯಬಹುದಂತೆ. ಹಾಗಾದರೆ ಇದು ಕಾನೂನು, ಆದರೆ ಧರ್ಮಕ್ಕೆ ಬಲವಂತದ ಹಕ್ಕಿಲ್ಲ ಅಂದಮೇಲೆ ಮುರಿದರೆ ಯಾರೂ ಕೇಳುವಂತಿಲ್ಲ. ಇದು ಯಾವ ಸೀಮೆ ಕಾನೂನು? ಸುಮ್ನೆ ವಾದಕ್ಕೆ ಕೇಳುತ್ತಿಲ್ಲ.

ಅಡಿಟಿಪ್ಪಣಿ:
ಇದರ ಹಿಂದೆ ತತ್ವಜ್ಞಾನಿ ಸ್ಪಿನೋಜಾ ಇದ್ದಾನೆ. 1656ರಲ್ಲಿ ಆಮ್‌ಸ್ಟರ್‌ಡ್ಯಾಮ್‌ನ ಯಹೂದಿ ಸಮುದಾಯ ಬಹಿಷ್ಕಾರ ಹಾಕಿದಾಗ ಅವನಿಗೆ 23 ವರ್ಷ. ಅವನ ಜೊತೆ ಮಾತಿಲ್ಲ, ಒಂದೇ ಸೂರಿನಡಿ ಇರುವಂತಿಲ್ಲ, ನಾಲ್ಕು ಮೊಳದೊಳಗೆ ಸುಳಿಯುವಂತಿಲ್ಲ, ಅವನು ಬರೆದದ್ದನ್ನು ಓದುವಂತಿಲ್ಲ. ಕಾನೂನಿಗೆ ಹಲ್ಲಿತ್ತು ಅಂದರೆ ಇದೇ. ಅವನು 1670ರಲ್ಲಿ ತಿರುಗಿಸಿ ಕೊಟ್ಟ: ಮೋಶೆಯ ಕಾನೂನು, ಅಂದರೆ ಸಿನಾಯ್‌ನಲ್ಲಿ ಸಿಕ್ಕಿದ್ದು, ಆ ಕಾಲದ ಯಹೂದಿ ರಾಜ್ಯದ ಕಾನೂನು, ರಾಜ್ಯ ಹೋಯಿತು, ಕಾನೂನೂ ಹೋಯಿತು. ಮೆಂಡಲ್ಸೋನ್ ಇದರಲ್ಲಿ ಅರ್ಧ ಒಪ್ಪುತ್ತಾನೆ. ಆಗ ದೇವರೇ ರಾಜ, ವಾರದ ವಿಶ್ರಾಂತಿ ದಿನವಾದ ಸಬ್ಬತ್ ಮುರಿದರೆ ಅದು ರಾಜ್ಯದ ವಿರುದ್ಧದ ಅಪರಾಧ. ಜೆರುಸಲೇಮಿನ ದೇವಾಲಯ ಬಿದ್ದ ಮೇಲೆ ಶಿಕ್ಷೆ ನಿಂತಿತು. ಆದರೆ ಕಟ್ಟಳೆ ನಿಲ್ಲಲಿಲ್ಲ, ಯಾಕೆಂದರೆ ಕೊಟ್ಟವನು ಎಲ್ಲರೆದುರು ಅದನ್ನು ವಾಪಸ್ ತಗೊಂಡಿಲ್ಲ. ಜಾಣ ಉತ್ತರ. ನನಗೆ ಪೂರ್ತಿ ಸಮಾಧಾನ ಆಗಿಲ್ಲ ಅನ್ನೋದು ಬೇರೆ ಮಾತು.

ರಾತ್ರಿಗೂಬೆ:
ನಮಗೆ ಇನ್ನೂ ಒಂದು ತೊಡಕಿದೆ. ಕನ್ನಡದಲ್ಲಿ 'ಧರ್ಮ' ಅಂದರೆ ನಂಬಿಕೆಯೂ ಹೌದು, ಕರ್ತವ್ಯವೂ ಹೌದು, ಅದಕ್ಕೇ ಜಗಳ ಎಲ್ಲಿದೆ ಅಂತಲೇ ಕಾಣಲ್ಲ. ಆಗಿನ ಜರ್ಮನಿಯಲ್ಲಿ ಧರ್ಮ ಅಂದರೆ ಮನಸ್ಸಿನೊಳಗಿನ ವಿಷಯ. ಆ ಅಳತೆಗೋಲು ಹಿಡಿದೇ ತತ್ವಜ್ಞಾನಿ ಕಾಂಟ್, ಯಹೂದಿಗಳದ್ದು ಧರ್ಮವೇ ಅಲ್ಲ, ಬರೀ ಕಾನೂನಿನ ಕಂತೆ ಅಂದದ್ದು.
ಹಳೇಪುಟ ಅವರೇ, ನೀವು 1920ರ ದಶಕದ ಯಹೂದಿ ಚಿಂತಕರಾದ ಬೂಬರ್, ರೋಸೆನ್‌ಜ್ವೈಗ್ ಒಬ್ಬರಿಗೊಬ್ಬರು ಬರೆದ ಪತ್ರಗಳನ್ನು ಓದಬೇಕು. ದೇವರು ಮಾತಾಡುತ್ತಾನೆ, ಕಾನೂನು ಮಾಡುವುದಿಲ್ಲ ಅನ್ನುವುದು ಬೂಬರ್ ನಿಲುವು. ರೋಸೆನ್‌ಜ್ವೈಗ್ 'ಕಾನೂನು' ಬೇರೆ, 'ಅಪ್ಪಣೆ' ಬೇರೆ ಅನ್ನುತ್ತಾರೆ. ಕಾನೂನು ಹಾಳೆಯ ಮೇಲಿರುತ್ತದೆ, ಅಪ್ಪಣೆ ಈ ಹೊತ್ತು ನನಗೇ ಕೇಳಿಸಬೇಕು. ಪ್ರಾರ್ಥನೆಗೆ ತೋಳಿಗೂ ಹಣೆಗೂ ಕಟ್ಟುವ ತೆಫಿಲಿನ್ ಕಟ್ಟುತ್ತೀರಾ ಅಂತ ಕೇಳಿದ್ದಕ್ಕೆ ರೋಸೆನ್‌ಜ್ವೈಗ್ 'ಇನ್ನೂ ಇಲ್ಲ' ಅಂದರಂತೆ. 'ಇಲ್ಲ' ಅನ್ನಲಿಲ್ಲ, ನೋಡಿ.

ಮೂರನೇಸಾಲು:
ಎಲ್ಲ ಚೆನ್ನಾಗಿದೆ, ಆದರೆ ಇಬ್ಬರೂ ಜರ್ಮನಿಯಲ್ಲಿ ಕೂತು ಬರೆದದ್ದು, ಕೈಯಲ್ಲಿ ಕೋರ್ಟ್ ಇರಲಿಲ್ಲ. ಇಸ್ರೇಲ್ ನೋಡಿ. 1953ರ ಕಾಯ್ದೆ ಪ್ರಕಾರ ಯಹೂದಿಗಳ ಮದುವೆ, ವಿಚ್ಛೇದನ ರಬ್ಬಿಗಳ, ಅಂದರೆ ಯಹೂದಿ ಧರ್ಮಗುರುಗಳ, ಕೋರ್ಟಿನ ಕೈಯಲ್ಲಿದೆ. ದೇಶದೊಳಗೆ ಸಿವಿಲ್ ಮದುವೆ ಇಲ್ಲ, ಬೇಕಾದವರು ಸೈಪ್ರಸ್‌ಗೆ ಹೋಗಿ ಬರುತ್ತಾರೆ. ಗಂಡ ತಾನಾಗಿ ಒಪ್ಪಿ 'ಗೆಟ್' ಅನ್ನುವ ವಿಚ್ಛೇದನ ಪತ್ರ ಕೊಡದೆ ಹೆಂಡತಿಗೆ ಬಿಡುಗಡೆ ಇಲ್ಲ. ಕೊಡದ ಗಂಡನನ್ನು ಜೈಲಿಗೂ ಹಾಕಬಹುದು. ಇದನ್ನು ಕಂಡು ಸಿಡಿದವರಲ್ಲಿ ಇಸ್ರೇಲಿ ಚಿಂತಕ ಯೆಶಾಯಾಹು ಲೈಬೊವಿಟ್ಸ್ ಒಬ್ಬರು. ಅವರು ಕಟ್ಟಳೆ ಬಿಟ್ಟವರಲ್ಲ, ಚಾಚೂ ತಪ್ಪದೆ ಪಾಲಿಸಿದವರು. ಕಟ್ಟಳೆ ಇರುವುದು ದೇವರ ಸೇವೆಗೆ ಮಾತ್ರ, ಸರ್ಕಾರ ಅದರಲ್ಲಿ ಕೈ ಹಾಕಿದರೆ ಅದು ಕೆಡುತ್ತದೆ ಅನ್ನೋದು ಅವರ ವಾದ.

ಹಳೇಪುಟ:
ಒಂದು ನಿಮಿಷ. ಗಂಡ ತಾನಾಗಿ ಒಪ್ಪಬೇಕು, ಒಪ್ಪದಿದ್ದರೆ ಜೈಲು. ಆಮೇಲೆ ಒಪ್ಪಿದರೆ ಅದು ತಾನಾಗಿ ಒಪ್ಪಿದ ಹಾಗಾ?

ಅಡಿಟಿಪ್ಪಣಿ:
12ನೇ ಶತಮಾನದಲ್ಲೇ ಯಹೂದಿ ಕಾನೂನು ಪಂಡಿತ ಮೈಮೋನಿಡೆಸ್ ಇದಕ್ಕೆ ಉತ್ತರ ಕೊಟ್ಟಿದ್ದಾನೆ: 'ಇಷ್ಟವಿದೆ' ಅನ್ನುವವರೆಗೂ ಹೊಡೆಯಿರಿ. ಕಟ್ಟಳೆ ಪಾಲಿಸುವ ಆಸೆ ಅವನೊಳಗೆ ಇದ್ದೇ ಇರುತ್ತದೆ, ಬೇಡ ಅನ್ನಿಸುತ್ತಿರೋದು ಅವನ ಕೆಟ್ಟ ಬುದ್ಧಿ, ಏಟು ಬೀಳೋದು ಅದಕ್ಕೆ.

ಹಳೇಪುಟ:
ಮೆಂಡಲ್ಸೋನ್ ಇದನ್ನು ಓದಿಯೂ ಬಲವಂತ ಬೇಡ ಅಂತ ಬರೆದನಲ್ಲ! ಮೊದಲರ್ಧಕ್ಕೆ ವಾಪಸ್ ಹೋಗುತ್ತೇನೆ. ಸಲೀಸಾಗಿ ಹೋಯಿತು ಅಂದೆನಲ್ಲ, ಸರಿಯಾಗಿ ಓದಿಲ್ಲ ಅನಿಸುತ್ತೆ.