ಅಪೀಲು ಬಾಕಿ ಇದ್ದರೆ ನ್ಯಾಯಾಂಗ ನಿಂದನೆ ಅರ್ಜಿ ಹಾಕುವಂತಿಲ್ಲವೇ?

ಹೊಸ ವಕಾಲತ್ತು:
ಪಿಂಚಣಿ ಬಾಕಿ ಮೂರು ತಿಂಗಳಲ್ಲಿ ಕೊಡಿ ಎಂದು ಹೈಕೋರ್ಟಿನ ಏಕಸದಸ್ಯ ಪೀಠದ ಆದೇಶ. ಗಡುವು ಮುಗಿದು ಏಳು ತಿಂಗಳಾಯಿತು. ಲೀಗಲ್ ನೋಟಿಸಿಗೆ ಇಲಾಖೆಯ ಉತ್ತರ ಒಂದೇ ಸಾಲು: ರಿಟ್ ಅಪೀಲು (ಅದೇ ಹೈಕೋರ್ಟಿನ ವಿಭಾಗೀಯ ಪೀಠಕ್ಕೆ, ಅಂದರೆ ಇಬ್ಬರು ನ್ಯಾಯಮೂರ್ತಿಗಳ ಪೀಠಕ್ಕೆ) ಹಾಕಿದ್ದೇವೆ. ತಡೆಯಾಜ್ಞೆ ಸಿಕ್ಕಿಲ್ಲ, ಅಪೀಲು ಇನ್ನೂ ಆಫೀಸ್ ಆಬ್ಜೆಕ್ಷನ್‌ನಲ್ಲೇ (ಕೋರ್ಟ್ ಕಚೇರಿ ಎತ್ತಿದ ಲೋಪಗಳನ್ನು ಸರಿಪಡಿಸದ ಹಂತದಲ್ಲೇ) ಇದೆ. ಈಗಲೇ ಸಿಸಿಸಿ (ಸಿವಿಲ್ ನ್ಯಾಯಾಂಗ ನಿಂದನೆ ಅರ್ಜಿ) ಹಾಕಬಹುದೇ?

ಕಲಂ ಇಪ್ಪತ್ತು:
ಹಾಕಿ. ಅಪೀಲು ಸಲ್ಲಿಸಿದ ಮಾತ್ರಕ್ಕೆ ಆದೇಶಕ್ಕೆ ತಡೆ ಬೀಳುವುದಿಲ್ಲ. ಸಿಪಿಸಿಯ (ಸಿವಿಲ್ ಪ್ರಕ್ರಿಯಾ ಸಂಹಿತೆಯ) ಆದೇಶ 41, ನಿಯಮ 5 ಹೇಳುವುದೂ ಇದನ್ನೇ. ನಿಜವಾದ ಅಪಾಯ ಕಾಯುವುದರಲ್ಲಿದೆ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ ಕಲಂ 20 ಅರ್ಜಿ ಹಾಕಲು ಕೊಡುವುದು ಗಡುವು ಮುಗಿದಲ್ಲಿಂದ ಒಂದೇ ವರ್ಷ. ಅಪೀಲು ಬಾಕಿ ಇದ್ದ ದಿನಗಳನ್ನು ಕಳೆದುಕೊಡುವ ಮಾತು ಅದರಲ್ಲಿಲ್ಲ. ನಿಮಗೆ ಉಳಿದಿರುವುದು ಐದು ತಿಂಗಳು. ಮೂರು ತಿಂಗಳ ಗಡುವು ‘ಆದೇಶದ ಪ್ರತಿ ತಲುಪಿದ ದಿನದಿಂದ’ ಎಂದು ಆದೇಶದಲ್ಲಿದ್ದರೆ ಇಲಾಖೆಯ ಟಪಾಲು ವಿಭಾಗದ ಸ್ವೀಕೃತಿ ಮುದ್ರೆಯ ದಿನಾಂಕದಿಂದ ಮೂರು ತಿಂಗಳು ಎಣಿಸಿ, ಆ ಮುದ್ರೆಯಿರುವ ಪ್ರತಿಯನ್ನೇ ಅನುಬಂಧ ಮಾಡಿ. ವರ್ಷದೊಳಗೆ ಅರ್ಜಿ ಸಲ್ಲಿಕೆಯಾದರೆ ಸಾಕು, ಕೋರ್ಟು ನೋಟಿಸ್ ತಡವಾಗಿ ಹೊರಡಿಸಿದರೂ ನಡೆಯುತ್ತದೆ (ಪಲ್ಲವ್ ಶೇಠ್ ಪ್ರಕರಣ, 2001).

ಹಿಂದಿನ ಬೆಂಚು:
ಸರಿ, ಆದರೆ ಹಾಕಿದ ಕೂಡಲೇ ಅಧಿಕಾರಿ ಕಟಕಟೆಯಲ್ಲಿ ನಿಲ್ಲುತ್ತಾರೆ ಅಂದುಕೊಳ್ಳಬೇಡಿ. ತಡೆ ಕೋರಿದ ಅರ್ಜಿ ಬಾಕಿ ಇದ್ದಾಗ ಅದನ್ನು ಮೊದಲು ಕೇಳುವುದು ಒಳ್ಳೆಯದೆಂದು ಮಾಡರ್ನ್ ಫುಡ್ ಇಂಡಸ್ಟ್ರೀಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಸರ್ಕಾರಿ ವಕೀಲರು ಅದನ್ನೇ ಹಿಡಿದು ವಾಯಿದೆ ಕೇಳುತ್ತಾರೆ. ಹಾಗಾಗಿ ಅಪೀಲಿನಲ್ಲಿ ನೀವೇ ವಕಾಲತ್ತು ಹಾಕಿ, ಬೇಗ ವಿಚಾರಣೆಗೆ ಪೋಸ್ಟ್ ಮಾಡಿಸಿ. ಆಬ್ಜೆಕ್ಷನ್ ಸರಿಪಡಿಸದೆ ಮಲಗಿಸಿಟ್ಟ ಅಪೀಲನ್ನು ನೆಪ ಮಾಡಿಕೊಳ್ಳುವುದು ಆಗ ಕಷ್ಟ.

ಎದುರುದಾರರ ಜಾಗದಲ್ಲಿ ಬರೀ ‘ಕರ್ನಾಟಕ ಸರ್ಕಾರ’ ಸಾಲದು. ಹಣ ಮಂಜೂರು ಮಾಡುವ ಅಧಿಕಾರವಿರುವವರ ಹೆಸರು, ಹುದ್ದೆ ಬೇಕು. ನಡುವೆ ವರ್ಗಾವಣೆಯಾಗಿದ್ದರೆ ಯಾರ ಅವಧಿಯಲ್ಲಿ ಗಡುವು ಮುಗಿಯಿತು ನೋಡಿ, ಈಗಿನವರಿಗೂ ಪ್ರತಿ ತಲುಪಿಸಿ. ಇಲ್ಲದಿದ್ದರೆ ಆದೇಶ ಮೀರಿದ್ದು ‘ಉದ್ದೇಶಪೂರ್ವಕ’ ಅನ್ನುವುದೇ ಸಾಬೀತಾಗದು.

ಆದೇಶದ ಕೊನೆಯ ಪ್ಯಾರಾವನ್ನೂ ಇನ್ನೊಮ್ಮೆ ಓದಿ. ‘ಕೊಡಿ’ ಎಂದಿದೆಯೋ, ‘ಪರಿಗಣಿಸಿ’ ಎಂದಿದೆಯೋ? ‘ಪರಿಗಣಿಸಿ’ ಎಂದಿದ್ದರೆ ಇಲಾಖೆ ‘ಪರಿಗಣಿಸಿ ತಿರಸ್ಕರಿಸಲಾಗಿದೆ’ ಎಂಬ ಹಿಂಬರಹ ಕೊಟ್ಟು ಕೈತೊಳೆದುಕೊಳ್ಳುತ್ತದೆ. ಆ ಹಿಂಬರಹಕ್ಕೆ ಮದ್ದು ಹೊಸ ರಿಟ್, ಸಿಸಿಸಿ ಅಲ್ಲ.

ಹೊಸ ವಕಾಲತ್ತು:
‘ಕೊಡಿ’ ಎಂದೇ ಇದೆ. ಮುಂದೆ ಅಪೀಲಿನಲ್ಲಿ ಆದೇಶ ರದ್ದಾದರೆ?

ಕಲಂ ಇಪ್ಪತ್ತು:
ಜಾರಿಯಲ್ಲಿದ್ದಷ್ಟು ದಿನ ಪಾಲಿಸಬೇಕಿತ್ತು ಅನ್ನುವುದು ನಿಜ. ಆದರೂ ಆದೇಶವೇ ಬಿದ್ದ ಮೇಲೆ ಶಿಕ್ಷೆ ಕೊಡಿಸುವುದು ಬಲು ಕಷ್ಟ. ಭಾಗಶಃ ಮಾರ್ಪಾಡಾದರೆ ಏಕಸದಸ್ಯ ಪೀಠದ ಆದೇಶ ಅಪೀಲಿನ ಆದೇಶದಲ್ಲಿ ವಿಲೀನವಾಗುತ್ತದೆ. ಅಲ್ಲಿಂದ ಮುಂದೆ ಪಾಲಿಸಬೇಕಾದ್ದು ವಿಭಾಗೀಯ ಪೀಠದ ಆದೇಶವನ್ನು.

ಶಿಕ್ಷೆ ಆಗಿಯೇಬಿಟ್ಟರೆ ಅಧಿಕಾರಿಗೆ ಕಲಂ 19ರ ಅಪೀಲು ಇದೆ. ನಮ್ಮಲ್ಲಿ ಸಿಸಿಸಿ ನಡೆಯುವುದು ವಿಭಾಗೀಯ ಪೀಠದಲ್ಲಾದ್ದರಿಂದ ಅದು ಸುಪ್ರೀಂ ಕೋರ್ಟಿಗೆ ಹೋಗುತ್ತದೆ, 60 ದಿನದೊಳಗೆ. ನಿಮ್ಮ ಅರ್ಜಿ ವಜಾ ಆದರೆ ನಿಮಗೆ ಆ ಕಲಂ ಇಲ್ಲ (ಮಿಡ್ನಾಪುರ್ ಪೀಪಲ್ಸ್ ಬ್ಯಾಂಕ್ ಪ್ರಕರಣ, 2006). ಸಂವಿಧಾನದ 136ನೇ ವಿಧಿಯಡಿ ವಿಶೇಷ ಅನುಮತಿ ಕೋರಿ ಸುಪ್ರೀಂ ಕೋರ್ಟಿನ ಬಾಗಿಲು ತಟ್ಟಬೇಕು.